ಗೋಡೆಯ ಮೇಲಿನ ಪೆನ್ಸಿಲ್ ಗೆರೆ

ಸೋವಿಯತ್ ಕಾಲದಿಂದಲೂ ಕೀವ್‌ನ ಸಿನಿಮಾಗಳಿಗೆ ಸೆಟ್ ಹಾಕುತ್ತಿದ್ದ ಮುದುಕ ಮಿಕೋಲಾ, ಧಾರಾವಾಹಿಯೊಂದಕ್ಕಾಗಿ ಕುವೈತಿಗೆ ಬಂದಿದ್ದ. ಬಾಂಬ್ ಬಿದ್ದು ತಾಯಿಯೊಂದಿಗೇ ನೆಲಸಮವಾಗಿದ್ದ ತನ್ನ ಬಾಲ್ಯದ ಮನೆಯ ಅಡುಗೆಮನೆಯನ್ನು, ಅಲ್ಲಿನ ಅಹ್ಮದಿ ಪಟ್ಟಣದ ಗೋದಾಮೊಂದರಲ್ಲಿ ಬಡಗಿ ಸಂಗಪ್ಪನಿಂದ ಸೆಟ್ಟಾಗಿ ಮತ್ತೆ ಕಟ್ಟಿಸಿದ.

ಜುಲೈ ಮಧ್ಯಾಹ್ನ. ಎಸಿ ಕೆಟ್ಟು ಗೋದಾಮು ಕಾದ ಹಂಚಾಗಿತ್ತು. ಆದರೆ ಸೆಟ್ಟಿನೊಳಗೆ ಕಾಲಿಟ್ಟ ಸಂಗಪ್ಪನಿಗೆ ತನ್ನ ಉಸಿರೇ ಚಳಿಗೆ ಹಬೆಯಾಗಿ ಕಂಡಿತು. ಹಿಂದಿನ ದಿನವಷ್ಟೇ ಬಣ್ಣ ಬಳಿದ ಪ್ಲೈವುಡ್ ಗೋಡೆಯ ಮೇಲೆ, ತಾಯಂದಿರು ಮಗುವಿನ ಎತ್ತರ ಅಳೆದು ಹಾಕುವಂಥ ಪೆನ್ಸಿಲ್ ಗೆರೆಗಳಿದ್ದವು.

"ಬಾಸ್, ಇವು ನಾ ಹಾಕಿದ್ದಲ್ರಿ!" ಎಂದು ಗಾಬರಿಯಲ್ಲಿ ಕನ್ನಡದಲ್ಲೇ ಕೂಗಿದ.

ಮಿಕೋಲಾ ಗೋಡೆಗೆ ಬೆನ್ನು ಕೊಟ್ಟು, ಹಿಮ್ಮಡಿ ಜೋಡಿಸಿ, ಮಗುವಿನಂತೆ ನೆಟ್ಟಗೆ ನಿಂತ. ಅವನ ತಲೆಯ ಹಿಂದೆ ಏನೋ ಗೀಚಿದ ಸದ್ದಾಯಿತು.

ಅವನು ಪಕ್ಕಕ್ಕೆ ಸರಿದಾಗ ಅಷ್ಟೇ ಎತ್ತರದಲ್ಲಿ ಹೊಸ ಗೆರೆಯಿತ್ತು. ಸಂಗಪ್ಪ ಕೈಯೆತ್ತಿ ತನ್ನ ಕಿವಿ ಮುಟ್ಟಿ ನೋಡಿಕೊಂಡ. ಅವನ ಪೆನ್ಸಿಲ್ ಅಲ್ಲೇ ಇತ್ತು.