ಅಮ್ಮನ ಸೀರೆ ಉಟ್ಟು ನಗಿಸಿದವನು

"ಅದು ನಮ್ಮಮ್ಮನ ಸೀರೆ!"

ಅಂಜಿನಮ್ಮ ಕುರ್ಚಿಯಿಂದ ಎದ್ದೇ ಬಿಟ್ಟಳು. ಹಿಂದಿನ ಸಾಲಿನವರು "ಕೂತ್ಕೊಳ್ಳಮ್ಮ, ಏನೂ ಕಾಣ್ತಿಲ್ಲ" ಎಂದು ಗದರಿದರು. ಅವಳ ಕಿವಿಗೆ ಅದು ಬೀಳಲೇ ಇಲ್ಲ.

ಸಾವಿರದ ಒಂಬೈನೂರ ಅರವತ್ತೊಂದರ ಗಣೇಶನ ಹಬ್ಬ. ಯಶವಂತಪುರದ ಕಾರ್ಖಾನೆಯೊಂದರ ಕಾರ್ಮಿಕರು ಸೇರಿ ವಿವಿಧ ವಿನೋದಾವಳಿ ಏರ್ಪಡಿಸಿದ್ದರು. ಜಾದೂ ಮುಗಿದಿತ್ತು, ಹಾರ್ಮೋನಿಯಂ ಮುಗಿದಿತ್ತು, ಈಗ ನಗೆನಾಟಕ. ಲಟ್ಟಣಿಗೆ ಹಿಡಿದು ಗಂಡನನ್ನು ಅಟ್ಟಿಸಿಕೊಂಡು ಹೋಗುತ್ತಿದ್ದ ಹೆಂಡತಿ ನಿಜಕ್ಕೂ ಗಂಡಸು ಎಂಬುದು ಎಲ್ಲರಿಗೂ ಗೊತ್ತಿತ್ತು. ಆದರೆ ಆ ಗಂಡಸು ಉಟ್ಟಿದ್ದ ಬದನೆಕಾಯಿ ಬಣ್ಣದ ರೇಷ್ಮೆ ಸೀರೆ ಯಾರದೆಂದು ಗೊತ್ತಿದ್ದದ್ದು ಅವಳೊಬ್ಬಳಿಗೆ.

ಸೆರಗಿನ ತುದಿಯಲ್ಲಿ ಬೇರೆ ಬಣ್ಣದ ದಾರದ ರಫು... ಪಟಾಕಿಯ ಕಿಡಿ ಬಿದ್ದ ಕಡೆ ಅಮ್ಮ ತಾನೇ ಕೂತು ಹಾಕಿದ್ದು. ಈಗ ಅಮ್ಮ ಇಲ್ಲ. ಉಳಿದಿರುವುದು ಆ ಸೀರೆ.

ಹಬ್ಬಕ್ಕೆ ಉಡೋಣವೆಂದು ಅದನ್ನು ಚಿಕ್ಕಮುನಿಯಪ್ಪನ ಲಾಂಡ್ರಿಗೆ ಕೊಟ್ಟಿದ್ದಳು. "ಇಸ್ತ್ರಿ ಆಗಿಲ್ಲ ಕಣಮ್ಮ, ನಾಳೆ ಬಾ" ಎಂದಿದ್ದ ಪುಣ್ಯಾತ್ಮ! ಅದಕ್ಕೇ ಅವಳು ಹಳೆಯ ವಾಯಿಲ್ ಸೀರೆಯಲ್ಲಿ ಬಂದು ಕೂತಿದ್ದಳು. ಗಿರಾಕಿಗಳ ಬಟ್ಟೆಯನ್ನು ಮದುವೆಗೂ ನಾಟಕಕ್ಕೂ ಬಾಡಿಗೆಗೆ ಬಿಡುವ ಲಾಂಡ್ರಿಗಳಿವೆ ಎಂದು ಕೇಳಿದ್ದಳು. ತನ್ನ ಸೀರೆಗೇ ಆ ಗತಿ ಬರುತ್ತದೆಂದು ಅಂದುಕೊಂಡಿರಲಿಲ್ಲ.

ಬಿರಬಿರನೆ ಪರದೆಯ ಹಿಂದಕ್ಕೆ ನಡೆದಳು.

'ಹೆಂಡತಿ' ಬೆವರು ಒರೆಸಿಕೊಳ್ಳುತ್ತ ಒಳಗೆ ಬಂದಿತು. ತುಟಿಗೆ ಕೆಂಪು ಬಣ್ಣ, ಮೂಗಿನ ಕೆಳಗೆ ಆಗಲೇ ಮೀಸೆಯ ಹಸಿರು.

"ಮೊದ್ಲು ಸೀರೆ ಬಿಚ್ಚಿ ಕೊಡಿ!"

ಅವನು ಬೆಚ್ಚಿಬಿದ್ದ. "ಅಲ್ಲಾ ಕಣ್ರೀ... ಇಷ್ಟು ಜನದ ಮುಂದೆ..."

"ತಮಾಷೆ ಬೇಡ. ಅದು ನಮ್ಮಮ್ಮನ ಸೀರೆ. ಅವರು ತೀರ್ಕೊಂಡಿದ್ದಾರೆ."

ಅವನ ಮುಖದ ನಗು ಆರಿತು. ಸೆರಗನ್ನು ಥಟ್ಟನೆ ನೆಲದಿಂದ ಎತ್ತಿ ಮಡಿಲಲ್ಲಿ ಹಿಡಿದುಕೊಂಡ.

"ಬಾಡಿಗೆಗೆ ತಂದಿದ್ದು ಕಣ್ರೀ, ಯಾರದ್ದು ಅಂತ ಕೇಳ್ಲಿಲ್ಲ. ತಪ್ಪಾಯ್ತು. ಇನ್ನೊಂದೇ ಸೀನ್ ಇದೆ... ನೀವು ಬೇಡ ಅಂದ್ರೆ ಈಗಲೇ ನಿಲ್ಲಿಸ್ತೀನಿ."

ಹೊರಗೆ ಜನ ಚಪ್ಪಾಳೆ ತಟ್ಟಿ ಕರೆಯುತ್ತಿದ್ದರು. ಅಂಜಿನಮ್ಮ ಹಲ್ಲು ಕಚ್ಚಿದಳು. "ಓಡ್ಬೇಡಿ. ಬೀಳ್ಬೇಡಿ. ನಿಂತ್ಕೊಂಡೇ ಆಡಿ."

ಆ ಸೀನಿನಲ್ಲಿ ಹೆಂಡತಿ ಗಂಡನನ್ನು ಅಟ್ಟಿಸಲಿಲ್ಲ. ನಿಂತಲ್ಲೇ ನಿಂತು, ಸೆರಗನ್ನು ದೇವರ ಪ್ರಸಾದದಂತೆ ಹಿಡಿದುಕೊಂಡು, ಬರೀ ಕಣ್ಣಲ್ಲೇ ಗದರಿಸಿದಳು. ಜನ ಬಿದ್ದು ಬಿದ್ದು ನಕ್ಕರು. ಪರದೆಯ ಪಕ್ಕದಲ್ಲಿ ಕಾವಲು ನಿಂತಿದ್ದ ಅಂಜಿನಮ್ಮನೂ ನಕ್ಕಳು. ನಕ್ಕಿದ್ದಕ್ಕೆ ತನ್ನ ಮೇಲೇ ಸಿಟ್ಟು ಬಂತು.

ಅವನ ಹೆಸರು ಮುನಿಶಾಮಿ. ಅಟ್ಟೂರಿನವನು, ಅದೇ ಕಾರ್ಖಾನೆಯಲ್ಲಿ ಲೇತ್ ಮೇಲೆ ಕೆಲಸ. ನಾಟಕ ಬರೆಯುವವನೂ ಅವನೇ, ಆಡಿಸುವವನೂ ಅವನೇ, ಹೆಣ್ಣು ಸಿಗದಿದ್ದರೆ ಸೀರೆ ಉಡುವವನೂ ಅವನೇ. ಅವಳೂ ಅಲ್ಲೇ ಪ್ಯಾಕಿಂಗ್ ವಿಭಾಗದಲ್ಲಿದ್ದಳು. ವಾರದೊಳಗೆ ಸೀರೆಯನ್ನು ಒಗೆಸಿ, ಬಿಳಿ ಬಟ್ಟೆಯಲ್ಲಿ ಸುತ್ತಿ ತಂದುಕೊಟ್ಟ.

"ನೀವು ಆ ಕಡೆ ನಿಂತು ನಕ್ಕಿದ್ದು ಕೇಳಿಸ್ತು," ಎಂದ.

"ನಾನೇನೂ ನಗ್ಲಿಲ್ಲ."

"ಸರಿ ಬಿಡಿ. ಮುಂದಿನ ನಾಟಕಕ್ಕಾದ್ರೂ ನಗ್ತೀರಾ ನೋಡೋಣ."

ಹಾಗೆ ಶುರುವಾಯಿತು. ಸಂಜೆ ಅವಳು ಚಿಕ್ಕಬಾಣಾವರಕ್ಕೆ ಪ್ಯಾಸೆಂಜರ್ ಹಿಡಿಯುವ ಮುಂಚೆ ಯಶವಂತಪುರದ ಪ್ಲಾಟ್‌ಫಾರಂನಲ್ಲಿ ಅವನು ಹೊಸದಾಗಿ ಬರೆದದ್ದನ್ನು ಓದುತ್ತಿದ್ದ. ಅವಳು ನಗದಿದ್ದ ಕಡೆ ಹೊಡೆದು ಹಾಕುತ್ತಿದ್ದ. ಹಾರ್ಮೋನಿಯಂ ನುಡಿಸುವ ಗೆಳೆಯ ಜಾಫರ್ ಬಾಯಿಬಿಟ್ಟೇ ಕೇಳಿದ.

"ಅರೆ ಗುರು, ರೇಡಿಯೋದವರು ಓಕೆ ಮಾಡಿರೋ ಜೋಕನ್ನ ಈಯಮ್ಮ ನಗ್ಲಿಲ್ಲ ಅಂತ ತೆಗೀತೀಯಲ್ಲಾ?"

"ರೇಡಿಯೋದವರು ಸಂಬಳಕ್ಕೆ ನಗ್ತಾರೆ ಕಣೋ."

ಹೌದು, ಅಷ್ಟರಲ್ಲಿ ರೇಡಿಯೋದವರು ಅವನನ್ನು ಕರೆಸಿಕೊಂಡಿದ್ದರು. ತಿಂಗಳಿಗೊಂದು ನಗೆನಾಟಕ ಬರೆದುಕೊಡುತ್ತಿದ್ದ. ಸ್ವಂತ ತಂಡ ಕಟ್ಟಬೇಕು, ಊರೂರಿಗೆ ವಿನೋದಾವಳಿ ಒಯ್ಯಬೇಕು ಎಂಬುದು ಅವನ ಆಸೆ. ಅದಕ್ಕಾಗಿ ಕಾರ್ಖಾನೆ ಬಿಡಲೂ ತಯಾರಿದ್ದ. ಈ ಮಾತನ್ನು ಅವನು ಮೊದಲು ಹೇಳಿದ್ದು ಅವಳಿಗೆ.

'ನನಗೇ ಯಾಕೆ ಮೊದಲು ಹೇಳಿದ?' ಎಂದು ರೈಲಿನ ಕಿಟಕಿಯಲ್ಲಿ ಯೋಚಿಸುತ್ತ ಕೂತ ದಿನ ಅವಳ ಎದೆ ಹಗುರವಾಗಿತ್ತು.

ಅದಕ್ಕೆ ಬದಲಾಗಿ ಅವಳೂ ಒಂದು ಮಾತು ಹೇಳಿದಳು. ಅದುವರೆಗೆ ಯಾರ ಹತ್ತಿರವೂ ಬಾಯಿ ಬಿಟ್ಟಿರಲಿಲ್ಲ.

ಹಿಂದಿನ ವರ್ಷ ಅಬ್ಬಿಗೆರೆಯಿಂದ ಅವಳನ್ನು ನೋಡಲು ಗಂಡಿನ ಕಡೆಯವರು ಬಂದಿದ್ದರು. ಅಪ್ಪ ಮುನಿವೆಂಕಟಯ್ಯ ಚಿಕ್ಕಬಾಣಾವರದ ರೈಲ್ವೆ ಗೇಟ್‌ಮನ್. ಮನೆ ಗೇಟಿನ ಪಕ್ಕದಲ್ಲೇ. ಅಂದು ರಜ ಹಾಕಿದ್ದರು, ಗೇಟಿನಲ್ಲಿ ಬೇರೆಯವನಿದ್ದ. ಮಾತುಕತೆ ಜೋರಾಗಿ ನಡೆಯುತ್ತಿದ್ದಾಗ ಗೂಡ್ಸ್ ರೈಲು ಕೂಗಿತು. ಕೈಯಲ್ಲಿದ್ದ ತಾಂಬೂಲ ಬಿಟ್ಟು ಅಪ್ಪ ಅಭ್ಯಾಸಬಲದಿಂದ ದಡಕ್ಕನೆ ಎದ್ದರು. ಬಾವುಟ ಸಿಗಲಿಲ್ಲ. ಕುರ್ಚಿಯ ಮೇಲಿದ್ದ ಬೀಗರ ಶಾಲನ್ನೇ ಎಳೆದುಕೊಂಡು ಓಡಿ, ಬಾಗಿಲಲ್ಲಿ ನಿಂತು ಬೀಸಿದರು.

ಶಾಲು ಕೆಂಪಗಿತ್ತು. ರೈಲು ನಿಂತಿತು!

ಡ್ರೈವರ್ ಇಳಿದು ಬಂದು ಬೈದ. ಸ್ಟೇಷನ್ ಮಾಸ್ಟರ್ ಬೈದರು. ಬೀಗರು ಶಾಲು ಕಿತ್ತುಕೊಂಡು "ಬುದ್ಧಿ ಸರಿಯಿಲ್ಲದ ಮನೆ" ಎಂದು ಹೊರಟೇ ಹೋದರು. ಅಪ್ಪ ಅಂದಿನಿಂದ ಮಗಳ ಮದುವೆಯ ಮಾತು ಎತ್ತಲಿಲ್ಲ.

"ಹುಡುಗ ನಿಮಗೆ ಇಷ್ಟ ಆಗಿದ್ನಾ?" ಮುನಿಶಾಮಿ ಕೇಳಿದ.

"ಅದನ್ನ ಯಾರೂ ಕೇಳ್ಲಿಲ್ಲ," ಎಂದಳು. "ಇದನ್ನ ಯಾರಿಗೂ ಹೇಳ್ಬೇಡಿ. ಅಪ್ಪನ್ನ ನೋಡಿ ಜನ ನಗಬಾರದು."

"ಹೇಳಲ್ಲ," ಎಂದ.

ಆದರೆ...

ಮುಂದಿನ ತಿಂಗಳು ಪಂಚಾಯಿತಿ ಕಟ್ಟೆಯ ರೇಡಿಯೋ ಮುಂದೆ ಊರೆಲ್ಲ ಕೂತಿತ್ತು. ನಾಟಕ ಶುರುವಾಯಿತು. ಹೆಣ್ಣು ನೋಡುವ ಮನೆ. ಗೇಟ್‌ಮನ್ ಅಪ್ಪ. ರೈಲಿನ ಕೂಗು. ಬೀಗರ ಕೆಂಪು ಶಾಲು...

ಅಂಜಿನಮ್ಮ ಅಪ್ಪನ ಪಕ್ಕದಲ್ಲೇ ಕೂತಿದ್ದಳು. ಊರಿಗೆ ಊರೇ ಹೊಟ್ಟೆ ಹಿಡಿದುಕೊಂಡು ನಗುತ್ತ ಅಪ್ಪನ ಕಡೆ ತಿರುಗಿತು. ಅಪ್ಪ ತಲೆ ಬಗ್ಗಿಸಿ ಟವೆಲಿನಿಂದ ಮುಖ ಮುಚ್ಚಿಕೊಂಡರು. ಅವರ ಭುಜ ಅಲುಗುತ್ತಿತ್ತು.

ಅಳ್ತಿದ್ದಾರೆ! ನನ್ನಿಂದಲೇ ಅಪ್ಪ ಅಳ್ತಿದ್ದಾರೆ!

ಮಾರನೆಯ ಸಂಜೆ ಪ್ಲಾಟ್‌ಫಾರಂನಲ್ಲಿ ಅವನು ನಗುತ್ತ ಬಂದ. ಅವಳು ನಗಲಿಲ್ಲ.

"ನಂಬಿ ಹೇಳಿದ್ದೆ. ನಮ್ಮ ಮನೆ ಮಾನ ನಿಮಗೆ ಬರೀ ನಗೆನಾಟಕನಾ?"

"ಅಂಜಿನಮ್ಮನವ್ರೆ, ನಾನು..." ಏನೋ ಹೇಳಹೊರಟವನು ಬಾಯಿ ಮುಚ್ಚಿಕೊಂಡ. "ಅದಕ್ಕೆ ಕಾರಣ ಇದೆ. ಈಗ ಹೇಳೋ ಹಾಗಿಲ್ಲ."

"ಸೀರೆನೂ ಕೇಳ್ದೆ ಉಟ್ರಿ. ಕಥೆನೂ ಕೇಳ್ದೆ ಬರೆದ್ರಿ. ಇನ್ಮೇಲೆ ನನ್ನ ಮಾತಾಡಿಸ್ಬೇಡಿ!"

ರೈಲು ಹತ್ತಿದವಳು ತಿರುಗಿ ನೋಡಲಿಲ್ಲ. ಮನೆ ತಲುಪುವವರೆಗೆ ಅಳು ತಡೆದುಕೊಂಡಳು. ಅಲ್ಲಿಂದಾಚೆಗೆ ಬೇರೆ ರೈಲಿಗೆ ಬರತೊಡಗಿದಳು. ಮುನಿಶಾಮಿ ಕಾರ್ಖಾನೆ ಬಿಟ್ಟನೆಂದು ಜಾಫರ್‌ನಿಂದ ತಿಳಿಯಿತು. ತಂಡದ ಮೊದಲ ಪ್ರದರ್ಶನ ಹೆಬ್ಬಾಳದ ಕೃಷಿ ಕಾಲೇಜಿನ ಸಭಾಂಗಣದಲ್ಲಂತೆ. ಆಡುವುದು ಅದೇ ಶಾಲಿನ ನಾಟಕವಂತೆ.

ಪ್ರದರ್ಶನದ ದಿನ ಮಧ್ಯಾಹ್ನ ಅಪ್ಪ ಒಗೆದ ಅಂಗಿ ಹಾಕಿಕೊಂಡು ಬಾಗಿಲಲ್ಲಿ ನಿಂತಿದ್ದರು.

"ಎಲ್ಲಿಗಪ್ಪ?"

"ನಾಟ್ಕಕ್ಕೆ. ಮುಂದಿನ ಸಾಲಲ್ಲಿ ಕುರ್ಚಿ ಮಡಗವ್ನಂತೆ."

"ನಿನ್ನ ನೋಡಿ ಜನ ನಗೋದನ್ನ ನೋಡೋಕೆ ಹೋಗ್ತೀಯಾ? ಅವತ್ತು ಅಷ್ಟು ಅತ್ತಿದ್ದು ಸಾಲ್ದಾ?"

ಮುನಿವೆಂಕಟಯ್ಯ ಮಗಳ ಮುಖವನ್ನೇ ನೋಡಿದರು. "ಅತ್ತಿದ್ದಾ? ನಕ್ಕಿದ್ದು ಕಣವ್ವ! ನಗು ತಡೀದೆ ಟವಲ್ ಕಚ್ಕಂಡಿದ್ದೆ."

"ಅಪ್ಪ..."

"ಆ ಕಥೆ ಅವನಿಗೆ ಬರಿ ಅಂದೋನು ನಾನೇ." ಅಪ್ಪ ಜಗುಲಿಯ ಮೇಲೆ ಕೂತರು. "ನೀನು ಡ್ಯೂಟೀಲಿದ್ದಾಗ ಒಂದಿನ ಬಂದಿದ್ದ. ನಿನ್ನ ಕೇಳಾಕೆ. ನಾನೇ ಏಳ್ದೆ, 'ನೋಡಪ್ಪ, ಇಂಗೆ ಇಂಗಾಯ್ತು, ನನ್ನಿಂದ ನನ್ನ ಮಗಳ ಮದ್ವೆ ಕೆಡ್ತು' ಅಂತ. ಅವನು ನಗ್ಲಿಲ್ಲ ಕಣವ್ವ, ಸುಮ್ಕೆ ಕೇಳ್ದ. ಏಳ್ತಾ ಏಳ್ತಾ ನನಗೇ ನಗು ಬಂತು. ಒಂದು ವರ್ಷ ಎದೆ ಮೇಲೆ ಕಲ್ಲು ಒತ್ಕಂಡಿದ್ದೆ. 'ಇದನ್ನ ಆಡ್ಸು, ಊರು ಒಂದ್ಸಲ ನಕ್ಕು ಮುಗಿಸ್ಬಿಡ್ಲಿ' ಅಂದೆ."

"ನನಗೆ ಯಾಕೆ ಹೇಳ್ಲಿಲ್ಲ?"

"ನಾನೇ ಆಣೆ ಆಕಿಸ್ಕಂಡೆ. ಅಪ್ಪ ಇಷ್ಟು ಕೊರಗ್ತಿದ್ದ ಅಂತ ಗೊತ್ತಾದ್ರೆ ನೀನು ಅಳ್ತೀಯ ಅಂತ."

"ನನ್ನ ಕೇಳೋಕೆ ಬಂದಿದ್ದಕ್ಕೆ... ಏನಂದೆ?"

"ನನ್ನ ಯಾಕಪ್ಪ ಕೇಳ್ತೀಯ, ಓಗಿ ಅವಳ್ನೇ ಕೇಳು ಅಂದೆ."

ಅಂಜಿನಮ್ಮ ಅತ್ತಳು. ಅಪ್ಪ ಹೆದರಿದ್ದು ಇದಕ್ಕೇ. ಆದರೆ ಅಳು ಮುಗಿದ ಮೇಲೆ ಮುಖ ತೊಳೆದು, ಪೆಟ್ಟಿಗೆಯ ಮುಚ್ಚಳ ತೆಗೆದಳು.

ಹೆಬ್ಬಾಳದಲ್ಲಿ ಪರದೆಯ ಹಿಂದೆ ಮುನಿಶಾಮಿ ತನ್ನ ತಾಯಿಯ ನೂಲಿನ ಸೀರೆಯ ನೆರಿಗೆ ಹಿಡಿಯುತ್ತ ನಿಂತಿದ್ದ. ಮದುವೆಯ ಹೆಣ್ಣಿನ ಪಾತ್ರ ಅವನದು.

"ಆ ಸೀರೆ ಬಿಚ್ಚಿ," ಎಂದಿತು ಒಂದು ದನಿ.

ಅವನು ತಿರುಗಿದ. ಬದನೆಕಾಯಿ ಬಣ್ಣದ ರೇಷ್ಮೆ, ಮುಡಿಯಲ್ಲಿ ಕನಕಾಂಬರ... ಅವನ ಕೈಯಿಂದ ನೆರಿಗೆ ಜಾರಿತು.

"ಅಪ್ಪ ಎಲ್ಲ ಹೇಳಿದ್ರು. ಆದ್ರೂ ನೀವು ನನ್ನ ಒಂದು ಮಾತು ಕೇಳ್ಬೇಕಿತ್ತು."

"ಕೇಳ್ಬೇಕಿತ್ತು." ಅವನು ಸಬೂಬು ಹೇಳಲಿಲ್ಲ. "ನಿಮಗೂ ಮಾತು ಕೊಟ್ಟಿದ್ದೆ. ತಪ್ಪು ನಂದೇ."

"ಹೆಣ್ಣಿನ ಪಾರ್ಟ್ ನಾನು ಮಾಡ್ತೀನಿ. ನೀವು ಗಂಡಾಗಿ."

"ಡೈಲಾಗ್?"

"ನಡೆದಿದ್ದು ನನ್ನ ಮನೇಲಿ. ನನಗೆ ನೀವು ಹೇಳ್ಕೊಡ್ತೀರಾ?"

ಗಂಡಿನ ಪಾತ್ರಕ್ಕಿದ್ದವನನ್ನು ಡ್ರೈವರ್ ಮಾಡಿದ್ದಾಯಿತು. ಪರದೆ ಮೇಲೆದ್ದಿತು. ಶಾಲು ಹಾರಾಡಿತು, ರೈಲು ನಿಂತಿತು, ಸಭೆ ನಕ್ಕು ನಕ್ಕು ಸುಸ್ತಾಯಿತು. ಬರೆದಂತೆ ಕೊನೆಯಲ್ಲಿ ಬೀಗರು ಸಿಟ್ಟಿನಿಂದ ಹೊರಡಬೇಕು, ಹೆಣ್ಣು ನಾಚಿ ಒಳಗೆ ಓಡಬೇಕು.

ಬೀಗರು ಹೊರಟರು. ಗಂಡು ಹೊರಡಲಿಲ್ಲ.

ಮುನಿಶಾಮಿ ಅವಳ ಮುಂದೆ ಬಂದು ನಿಂತ. ಅವನ ದನಿ ನಾಟಕದ್ದಾಗಿರಲಿಲ್ಲ. "ಯಾರೂ ನಿಮ್ಮನ್ನ ಕೇಳ್ಲಿಲ್ಲ. ನಾನು ಕೇಳ್ತಿದ್ದೀನಿ. ನಾನು ನಿಮಗೆ ಒಪ್ಪಿಗೆನಾ?"

ಅಂಜಿನಮ್ಮ ಸಭೆಯ ಕಡೆ ನೋಡಿದಳು. ಇಷ್ಟು ಜನ... ಇಷ್ಟು ಬೆಳಕು... ಅವಳು ಒಳಗೆ ಓಡಲಿಲ್ಲ.

"ಇನ್ನು ಮುಂದೆ ಬೇರೆಯವರ ಸೀರೆ ಬಾಡಿಗೆಗೆ ತರಲ್ಲ ಅಂತ ಮಾತು ಕೊಟ್ರೆ... ಒಪ್ಪಿಗೆ."

ಸಭೆ ಗೊಳ್ಳೆಂದಿತು. ಇದು ಬರೆದಿರದ ಮಾತು ಎಂದು ಜನರಿಗೆ ಹೇಗೆ ಗೊತ್ತಾಗಬೇಕು? ಗೊತ್ತಿದ್ದ ಜಾಫರ್ ಹಾರ್ಮೋನಿಯಂ ಮೇಲೆ ಕೈಯಿಟ್ಟು ಬೆಪ್ಪಾಗಿ ಕೂತಿದ್ದ. ಎಲ್ಲರಿಗೂ ಮಾತು ಬರೆದುಕೊಡುತ್ತಿದ್ದ ಮುನಿಶಾಮಿಗೆ ಬಾಯಲ್ಲಿ ಒಂದು ಮಾತೂ ಬರಲಿಲ್ಲ.

ಆಗ ಮುಂದಿನ ಸಾಲಿನಲ್ಲಿ ಮುನಿವೆಂಕಟಯ್ಯ ಎದ್ದು ನಿಂತರು. ಅಂಗಿಯ ಒಳಗಿಂದ ಏನನ್ನೋ ಎಳೆದು, ಬಿಡಿಸಿ, ತೋಳು ಚಾಚಿ ಬೀಸಿದರು.

ಹಸಿರು ಬಾವುಟ!

"ಓಗ್ಲಿ ರೈಟ್!" ಎಂದು ಕೂಗಿದರು.

ಇಡೀ ಸಭಾಂಗಣ ಎದ್ದು ಚಪ್ಪಾಳೆ ತಟ್ಟಿತು. ಜಾಫರ್ ಮೈಕೊಡವಿ ಹಾರ್ಮೋನಿಯಂನಲ್ಲಿ ಮದುವೆಯ ಓಲಗ ನುಡಿಸಿದ. ಅಪ್ಪ ಬಾವುಟ ಹಿಡಿದೇ ನಗುತ್ತಿದ್ದರು. ಈ ಸಲ ಮುಖಕ್ಕೆ ಟವೆಲ್ ಇರಲಿಲ್ಲ.

ಪರದೆ ಬಿತ್ತು. ಗದ್ದಲ ಇನ್ನೂ ಕೇಳುತ್ತಿತ್ತು. ಇಬ್ಬರೂ ನಿಂತಲ್ಲೇ ನಿಂತಿದ್ದರು.

"ಡೈಲಾಗ್ ಮರೆತ್ರಲ್ಲ?" ಎಂದಳು ಅಂಜಿನಮ್ಮ.

"ನಿಮ್ಮ ಉತ್ತರ ಏನು ಅಂತ ನನಗೇನು ಗೊತ್ತು... ಹೇಗೆ ಬರೀಲಿ?"

"ನಿಮ್ಮ ಅಲ್ಲ. ನಿನ್ನ ಅನ್ನಿ."

ರಫು ಹಾಕಿದ ಸೆರಗಿನ ತುದಿ ಅವರಿಬ್ಬರ ನಡುವೆ ಇಳಿಬಿದ್ದಿತ್ತು.

"ಅಂಜೀ... ಒಂದು ಕೇಳ್ಲಾ?"

"ಕೇಳಿ."

"ಈ ಸೆರಗು ಹಿಡ್ಕೋಬಹುದಾ?"

ಅವಳ ಕಣ್ಣು ತುಂಬಿ ಬಂತು, ನಗುವೂ ಬಂತು.

"ಹಿಡ್ಕೊಳ್ಳಿ... ನಿಧಾನ. ನಮ್ಮಮ್ಮನ ಸೀರೆ ಅದು."