ತಲೆಕೆಳಗಾದ ಲಂಗರು

ನನ್ನ ಗಂಡ ನನ್ನ ಪಾಲಿಗೆ ಎರಡು ಸಲ ತೀರಿಕೊಂಡರು. ಮೊದಲ ಸಲ ಆ ಸುದ್ದಿ ಬಂದಾಗ ಅವರು ಇನ್ನೂ ನನ್ನ ಗಂಡನಾಗಿರಲಿಲ್ಲ.

ಅಂದು ಭಾನುವಾರ. ಇಂಗ್ಲೆಂಡಿನ ಬಂದರೂರು ಗಾಸ್‌ಪೋರ್ಟಿನ ನಮ್ಮ ಚರ್ಚಿನಲ್ಲಿ ಆರಾಧನೆ ಮುಗಿಸಿ ಹೊರಗೆ ಬರುತ್ತಿದ್ದೆ. ಬಾಗಿಲ ಬಳಿ ಲೆಫ್ಟಿನೆಂಟ್ ಪರ್ಕಿಸ್ ಟೋಪಿ ತೆಗೆದು ತಲೆಬಾಗಿದರು. ಕುಳ್ಳ ಮನುಷ್ಯ. ಕೋಟಿನ ತೋಳು ಬೆರಳ ತುದಿಯವರೆಗೂ ಇಳಿದಿತ್ತು. ನನಗೆ ನಗು ಬಂತು. ಆಮೇಲೆ ಗುಂಡಿ ಕಂಡಿತು. ಹಿತ್ತಾಳೆ ಗುಂಡಿಗಳ ಸಾಲಿನಲ್ಲಿ ಒಂದರ ಮೇಲಿನ ಲಂಗರಿನ ಅಚ್ಚು ಮಾತ್ರ ತಲೆಕೆಳಗಾಗಿತ್ತು.

“ಈ ಕೋಟು ನಿಮ್ದಲ್ಲ,” ಎಂದೆ.

“ಈಗ ನಂದೇ, ಮಿಸ್ ಹೆಸ್ಟರ್. ಹಡಗಲ್ಲಿ ಹರಾಜಿಗೆ ಬಂತು...” ಎಂದವರು ಟೋಪಿಯನ್ನು ತಿರುಗಿಸುತ್ತ ನಿಂತರು.

ನಾನು ಹಡಗಿನವರ ಮಗಳು. ಕಡಲಲ್ಲಿ ಸತ್ತವನ ಬಟ್ಟೆಬರೆಯನ್ನು ಜೊತೆಗಾರರು ಹಾಯಿಕಂಬದ ಬುಡದಲ್ಲಿ ಹರಾಜು ಹಾಕಿ ಹಂಚಿಕೊಳ್ಳುತ್ತಾರೆ. ನನಗೆ ಬೇರೆ ವಿವರಣೆ ಬೇಕಾಗಲಿಲ್ಲ. ಫ್ರಾನ್ಸಿನ ಬ್ರೆಸ್ಟ್ ಬಂದರಿನ ಎದುರು, ಮಂಜಿನಲ್ಲಿ, ದೋಣಿ ಮಗುಚಿತಂತೆ. ಅಂಬಿಗರೆಲ್ಲ ಸಿಕ್ಕರಂತೆ. ಕೋಟನ್ನು ಹಡಗಿನಲ್ಲೇ ಬಿಟ್ಟು ದೋಣಿಗಿಳಿದಿದ್ದ ಲೆಫ್ಟಿನೆಂಟ್ ಎಡ್ಮಂಡ್ ಲಸ್ಕಾಂಬ್ ಮಾತ್ರ ಸಿಗಲಿಲ್ಲ.

ಆ ಗುಂಡಿ ಹೊಲಿದವಳು ನಾನೇ. ಲಸ್ಕಾಂಬ್ ದಡಕ್ಕೆ ಬಂದಾಗಲೆಲ್ಲ ಅವರ ಕೋಟಿನ ಒಂದು ಗುಂಡಿ ಕಿತ್ತುಹೋಗಿರುತ್ತಿತ್ತು. ಅಂಗೈಯಲ್ಲಿ ಗುಂಡಿ ಹಿಡಿದು ನಮ್ಮ ಅಡುಗೆಮನೆಯ ಬಾಗಿಲಲ್ಲಿ ನಿಲ್ಲುತ್ತಿದ್ದರು.

“ಬಿರುಗಾಳಿಗೆ ಹಾಯಿ ಹರಿಯುತ್ತೆ ಅಂತ ಕೇಳಿದ್ದೆ, ಲೆಫ್ಟಿನೆಂಟ್. ನಿಮ್ಮ ಹಡಗಲ್ಲಿ ಬರೀ ಗುಂಡಿ ಕೀಳುತ್ತಾ?”

“ಗಾಳಿ ಒಂದೊಂದ್ಸಲ ಒಂದೊಂದು ಥರ ಬೀಸುತ್ತೆ,” ಎನ್ನುವಷ್ಟರಲ್ಲಿ ಅವರ ಕಿವಿ ಕೆಂಪಾಗಿರುತ್ತಿತ್ತು. ನಾನು ಸೂಜಿಯನ್ನು ನೋಡುವಾಗ ಅವರು ನನ್ನನ್ನು ನೋಡುವರು. ನಾನು ತಲೆಯೆತ್ತಿದರೆ ಗೋಡೆಗೆ ತೂಗುಹಾಕಿದ ಈರುಳ್ಳಿಯ ಗೊಂಚಲನ್ನು ಬಲು ಶ್ರದ್ಧೆಯಿಂದ ನೋಡುವರು.

ಅದಕ್ಕಿಂತ ಮುಂದೆ ಹೋಗಲು ಅವರಿಗೆ ಧೈರ್ಯವಿರಲಿಲ್ಲ. ನನ್ನ ಅಪ್ಪ ಹಡಗುಗಳಿಗೆ ದಾರಿ ತೋರಿಸುತ್ತ ಬಾಳಿದವರು. ನಾಯಕನಾಗಿ ನಡೆಸಲು ಹಡಗಿಲ್ಲದವನು ತನ್ನ ಮಗಳನ್ನು ಕೇಳಬಾರದೆಂದು ಊರಿಗೆಲ್ಲ ಸಾರಿದ್ದರು. ಹೀಗಾಗಿ ಕೊನೆಯ ಸಲ ಲಂಗರನ್ನು ಬೇಕೆಂದೇ ತಲೆಕೆಳಗೆ ಮಾಡಿ ಹೊಲಿದೆ. ಅದನ್ನು ಸರಿಮಾಡಿಸಲಾದರೂ ಬೇಗ ಬರಲಿ ಎಂದು. ಬಂದದ್ದು ಕೋಟು ಮಾತ್ರ.

ಮರುದಿನ ಶೋಕದ ಕಪ್ಪು ಉಡುಪು ತೊಟ್ಟೆ.

“ಅವನು ನಿಂಗೇನಾಗ್ಬೇಕಿತ್ತು?” ಎಂದರು ಅಪ್ಪ.

“ಏನೂ ಆಗಲಿಲ್ಲ. ಅದಕ್ಕೇ ತೊಟ್ಟಿದ್ದೀನಿ.”

ಊರು ಬಾಯಿಗೆ ಕೈ ಅಡ್ಡ ಹಿಡಿದುಕೊಂಡು ಮಾತಾಡಿತು. ಹಗ್ಗದ ವ್ಯಾಪಾರಿ ಹಾಬ್ಸ್, ಉಪ್ಪು ಹಾಕಿದ ಹಂದಿತೊಡೆ ಹಿಡಿದು ನನ್ನನ್ನು ಕೇಳಲು ಬಂದವರು, ಕಪ್ಪು ಬಟ್ಟೆ ಕಂಡು ಹಂದಿತೊಡೆಯ ಸಮೇತ ಹಿಂತಿರುಗಿದರು. ಅದಕ್ಕಾಗಿ ಅಪ್ಪ ಬಹಳ ಕಾಲ ದುಃಖಿಸಿದರು. ಹಂದಿತೊಡೆಗಾಗಿ, ಹಾಬ್ಸ್‌ಗಾಗಿ ಅಲ್ಲ.

ಬಟಾಣಿ ಬಿಡುವ ಕಾಲ ಬಂತು. ಒಂದು ಬೆಳಿಗ್ಗೆ ಮೆಟ್ಟಿಲಲ್ಲಿ ಕೂತು ಬಟಾಣಿ ಸುಲಿಯುತ್ತಿದ್ದೆ. ಒಣಮೀನಿನ ಘಾಟು ಬಂತು. ತಲೆಯೆತ್ತಿದರೆ ಯಾರದೋ ಹರಕು ಅಂಗಿಯಲ್ಲಿ ಲಸ್ಕಾಂಬ್ ನಿಂತಿದ್ದರು. ಬೋಗುಣಿ ಕೈಜಾರಿತು.

ಮೀನು ತುಂಬಿಕೊಂಡು ಹೋಗುತ್ತಿದ್ದ ಡೆನ್ಮಾರ್ಕಿನ ಹಡಗೊಂದು ಅವರನ್ನು ನೀರಿನಿಂದ ಎತ್ತಿಕೊಂಡಿತ್ತು. ತನ್ನ ಊರು ಮುಟ್ಟುವವರೆಗೆ ಅದು ಎಲ್ಲಿಯೂ ನಿಲ್ಲಲಿಲ್ಲವಂತೆ. ಇದನ್ನೆಲ್ಲ ಅವರು ಆಮೇಲೆ ಹೇಳಿದ್ದು. ಆಗ ಅವರ ಕಣ್ಣಿದ್ದದ್ದು ನನ್ನ ಉಡುಪಿನ ಮೇಲೆ.

“ಅಯ್ಯೋ ದೇವರೇ. ನಿಮ್ಮಪ್ಪ ಹೋದ್ರಾ?”

“ನಾನಿಲ್ಲೇ ಇದ್ದೀನಿ,” ಒಳಗಿನಿಂದ ಅಪ್ಪ ಗುಡುಗಿದರು.

“ಹಾಗಾದ್ರೆ ನಿಮ್ಮ ಚಿಕ್ಕಮ್ಮ?”

“ಗಟ್ಟಿಮುಟ್ಟಾಗಿದ್ದಾರೆ,” ಎಂದೆ. ನನ್ನ ಕೆನ್ನೆ ಸುಡುತ್ತಿತ್ತು. ಈಗ ಅವರು ನಕ್ಕುಬಿಟ್ಟರೆ ಗಾಸ್‌ಪೋರ್ಟಿನಲ್ಲಿ ನಾನು ತಲೆಯೆತ್ತಿ ನಡೆಯುವಂತಿರಲಿಲ್ಲ. ಅದಕ್ಕಿಂತ ಹೆಚ್ಚಾಗಿ, ನನ್ನ ಎದೆ ಅದನ್ನು ತಾಳುತ್ತಿರಲಿಲ್ಲ.

“ಮತ್ತೆ ಯಾರು ಹೋಗಿದ್ದು?”

“ನೀನೇ ಕಣಪ್ಪಾ,” ಎಂದರು ಅಪ್ಪ, ಬಾಗಿಲಿಗೆ ಬಂದು.

ಲಸ್ಕಾಂಬ್ ನಗಲಿಲ್ಲ. ಮೆಲ್ಲನೆ ಮೊಣಕಾಲೂರಿ ಚೆಲ್ಲಿದ ಬಟಾಣಿಗಳನ್ನು ಹೆಕ್ಕತೊಡಗಿದರು.

“ನಾನು ನಿಮಗೆ ಈ ಬಟ್ಟೆ ತೊಡೋ ಹಕ್ಕು ಕೊಟ್ಟಿರಲಿಲ್ಲವಲ್ಲ,” ಎಂದರು, ತಲೆಯೆತ್ತದೆ.

“ಕೇಳೋಣ ಅಂದ್ರೆ ನೀವಿರಲಿಲ್ಲ.”

“ಈಗ ಕೊಡ್ತೀನಿ. ಆದ್ರೆ ಬೇರೆ ಬಣ್ಣದ ಬಟ್ಟೆಗೆ.” ಆಮೇಲೆ ಅಪ್ಪನ ಕಡೆ ತಿರುಗಿದರು. “ನನ್ನ ಜಾಗ ಪರ್ಕಿಸ್‌ಗೆ ಕೊಟ್ಟಿದ್ದಾರೆ, ಸರ್. ಕೋಟು ಕೂಡ ಅವನ ಹತ್ರ ಇದೆ. ಹಡಗಂತೂ ಇಲ್ಲ.”

ಅಪ್ಪ ಗಲ್ಲ ಕೆರೆದುಕೊಂಡರು. “ಹಡಗಿಲ್ಲದವನು ಕೇಳಬಾರದು ಅಂದಿದ್ದೆ, ನಿಜ. ಸತ್ತವನ ವಿಷಯ ಹೇಳಿರಲಿಲ್ಲ. ಎದ್ದು ಬಂದವನನ್ನ ಬೇಡ ಅಂದ್ರೆ ಇನ್ನೆಲ್ಲಿಗೆ ಕಳಿಸ್ಲಿ? ಮೊದಲು ಹೋಗಿ ಸ್ನಾನ ಮಾಡಯ್ಯಾ.”

ಪರ್ಕಿಸ್ ಮದುವೆಯ ಉಡುಗೊರೆಯಾಗಿ ಕೋಟನ್ನು ಮರಳಿಸಿದರು. ಆದರೆ ಅಷ್ಟರಲ್ಲಿ ಅದರ ತೋಳನ್ನು ತಮ್ಮ ಅಳತೆಗೆ ಕತ್ತರಿಸಿಯಾಗಿತ್ತು. ನನ್ನ ವರ ಮಣಿಕಟ್ಟು ತೋರಿಸಿಕೊಂಡೇ ದೇವರ ಮುಂದೆ ನಿಂತರು. ಗುಂಡಿ ಸರಿಮಾಡುತ್ತೇನೆಂದು ನಾನು ಸೂಜಿ ತಂದಾಗ ಕೈ ಹಿಡಿದರು.

“ಬೇಡ. ಇದು ತಲೆಕೆಳಗಿದೆ ಅಂತ ಹೊಲಿದ ದಿನವೇ ಕಂಡಿತ್ತು. ಕ್ಯಾಪ್ಟನ್ ಎಲ್ಲರೆದುರು ಬೈದ್ರೂ ತಿರುಗಿಸಲಿಲ್ಲ.”

“ಮತ್ತೆ ಯಾಕೆ ಹೇಳಲಿಲ್ಲ?”

“ಹೇಳಿದ್ರೆ ನೀನು ಸರಿಮಾಡ್ತಿದ್ದೆ.”

ಒಮ್ಮೆ ಸತ್ತವರೆಂದು ಬರೆಸಿಕೊಂಡ ನನ್ನ ಗಂಡ ಬಡ್ತಿಯಲ್ಲಿ ಎಂದೂ ಪರ್ಕಿಸರನ್ನು ಹಿಂದೆ ಹಾಕಲಿಲ್ಲ. ಹಡಗು ಸಿಕ್ಕಿತು, ಚಿಕ್ಕದು, ಸೋರುವಂಥದು. ಕ್ಯಾಪ್ಟನ್ ಆದದ್ದು ತಡವಾಗಿ. ಅಲ್ಲಿಂದ ಮೇಲಿನ ಏಣಿ ಹತ್ತಲು ಶೌರ್ಯ ಬೇಕಿಲ್ಲ, ಮೇಲಿನವರು ಸತ್ತಂತೆ ಕೆಳಗಿನವರು ಏರುತ್ತಾರೆ. ಹೀಗೆ ನನ್ನ ಗಂಡ ಸಾಯದೆ ಕಾದೇ ಅಡ್ಮಿರಲ್ ಆದರು.

ಈ ಲೆಂಟ್ ಉಪವಾಸದ ಕಾಲದಲ್ಲಿ, ತಮ್ಮ ಹಾಸಿಗೆಯಲ್ಲಿ, ನನ್ನ ಕೈ ಹಿಡಿದುಕೊಂಡೇ ಹೋದರು. ಮುದಿ ಪರ್ಕಿಸ್ ಕೋಲೂರಿಕೊಂಡು ಬಂದು, ಕಣ್ಣೊರೆಸಿಕೊಂಡು ಕೇಳಿದರು: “ಈ ಸಲ ಕೋಟು ಹರಾಜಿಗಿಲ್ವಾ, ಹೆಸ್ಟರ್?”

“ಇಲ್ಲ, ಪರ್ಕಿಸ್. ಈ ಸಲ ಅವರೇ ತೊಟ್ಕೊಂಡು ಹೋಗ್ತಾರೆ.”

ಗಿಡ್ಡ ತೋಳಿನ ಆ ಹಳೆಯ ಕೋಟನ್ನೇ ತೊಡಿಸಿದೆ. ಗುಂಡಿ ಹಾಗೆಯೇ ಇತ್ತು. ಹಳೆಯ ಕಪ್ಪು ಉಡುಪನ್ನು ಸೊಂಟದ ಹೊಲಿಗೆ ಬಿಚ್ಚಿ ಸಡಿಲಿಸಿ ನಾನೂ ತೊಟ್ಟೆ. ಈಗ ಯಾವ ಹಕ್ಕಿನಿಂದ ಎಂದು ಯಾರೂ ಕೇಳಲಿಲ್ಲ.

ಕರ್ತನೇ, ನಿನ್ನ ದಾಸ ಎಡ್ಮಂಡನನ್ನು ನಿನ್ನ ಬಂದರಿಗೆ ಸೇರಿಸಿಕೋ. ಲಂಗರು ತಲೆಕೆಳಗಿದೆಯೆಂದು ನಿನ್ನ ಬಾಗಿಲಲ್ಲಿ ಯಾರೂ ಅವರನ್ನು ತಡೆಯದಿರಲಿ. ಗಾಳಿಯಿಲ್ಲದ ನೀರಿನಲ್ಲಿ ಅವರಿಗೆ ನಿತ್ಯ ವಿಶ್ರಾಂತಿ ಕೊಡು. ಆಮೆನ್.