ಗಂಜಿ ಹಾಕಿದ ಅಂಗಿ

“ನಿನ್ನದು ಗಂಟಲೋ, ಹಳೇ ಗಾಣವೋ? ಮೂಕಿ ಚಿತ್ರದಲ್ಲಿ ಹೆಣವಾಗಿ ಬಿದ್ದಿರ್ತಿದ್ದಲ್ಲ, ಅದೇ ನಿನಗೆ ಸರಿ.”

ನಿರ್ದೇಶಕ ಇಡೀ ಸೆಟ್ಟಿನ ಎದುರು ಹೀಗೆಂದ. ರಾಜನ ವೇಷದವನೂ ನಕ್ಕ, ದೀಪ ಹಿಡಿದವರೂ ನಕ್ಕರು. ದೊಡ್ಡವರು ಉಗುಳಿದರೆ ಪನ್ನೀರು ಎನ್ನುವ ಜನ.

ಬೈಸಿಕೊಂಡವನನ್ನು ಎಲ್ಲರೂ ಮೂಕಪ್ಪ ಎನ್ನುತ್ತಿದ್ದರು. ಮಾತಿಲ್ಲದ ಚಿತ್ರಗಳಲ್ಲಿ ಕಾವಲುಗಾರನಾಗಿ ನಿಂತು ನಿಂತೇ ಸವೆದವನು. ಈಗ ಸಿನಿಮಾಕ್ಕೆ ಮಾತು ಬಂದಿತ್ತು, ಅವನಿಗೂ ಒಂದೇ ಒಂದು ಮಾತು ಸಿಕ್ಕಿತ್ತು: “ಬಾಗಿಲು ತೆರೆದೇ ಇದೆ, ದೊರೆ.” ಆದರೆ ಅವನು ಕೈಯೆತ್ತಿ ಅದನ್ನು ಹೇಳಿದಾಗಲೆಲ್ಲ ಹೂಕುಂಡದಲ್ಲಿ ಬಚ್ಚಿಟ್ಟ ಮೈಕಿನಲ್ಲಿ ಚರಚರ ಸದ್ದು.

“ಊಟ ಆದ್ಮೇಲೆ ಇನ್ನೊಂದ್ಸಲ ನೋಡ್ತೀನಿ. ಆಗ್ಲೂ ಕೆಟ್ಟರೆ ಆ ಮಾತನ್ನ ನನ್ನ ಭಾವಮೈದ ಹೇಳ್ತಾನೆ,” ಎಂದ ನಿರ್ದೇಶಕ.

ಮೂಲೆಯಲ್ಲಿ ನಿಂತಿದ್ದ ದರ್ಜಿ ಹುಡುಗಿಗೆ ಖುಷಿಯಾಗಬೇಕಿತ್ತು. ಆಗಲಿಲ್ಲ.

ಅವಳಿಗೆ ಅವನ ಮೇಲೆ ಸಿಟ್ಟಿತ್ತು. ಗಂಜಿ ಹಾಕಿ, ಹಲಗೆಯಂತೆ ಇಸ್ತ್ರಿ ಮಾಡಿಕೊಟ್ಟ ಅಂಗಿಯನ್ನು ನಿನ್ನೆ ಅವನು ನೀರಿಗೆ ಅದ್ದಿ, ಹಿಂಡಿ, ತಂತಿಗೆ ಹಾಕಿದ್ದ. ‘ನನ್ನ ಕೆಲಸ ಅಷ್ಟು ಅಸಹ್ಯವೇ ಇವನಿಗೆ?’ ಹಟಕ್ಕೆ ಬಿದ್ದು ಬೆಳಿಗ್ಗೆ ಎರಡು ಪಟ್ಟು ಗಂಜಿ ಹಾಕಿದ್ದಳು.

ಊಟದ ಹೊತ್ತಿಗೆ ನೋಡಿದರೆ ಅವನು ಮತ್ತೆ ಅಂಗಿ ಬಿಚ್ಚಿ ಬಕೆಟ್ಟು ಹುಡುಕುತ್ತಿದ್ದ!

ಅಂಗಿಯನ್ನು ಕಿತ್ತುಕೊಂಡಳು. ತೋಳು ಮಡಚಿತು.

ಚರಚರ.

‘ಅಯ್ಯೋ... ನಾನೇ.’

ಅಂಗಿ ಅವಚಿಕೊಂಡು ಸೆಟ್ಟಿನತ್ತ ಓಡಿದಳು. ಬಾಗಿಲಲ್ಲೇ ಚಪ್ಪಲಿ ಬಿಟ್ಟಳು. ಸಿನಿಮಾಕ್ಕೆ ಮಾತು ಬಂದ ಮೇಲೆ ಒಳಗೆ ಹೆಜ್ಜೆ ಸಪ್ಪಳವೂ ಆಗುವಂತಿರಲಿಲ್ಲ. ಊಟ ಮುಗಿಸಿ ಎಲ್ಲರೂ ಸೇರುತ್ತಿದ್ದರು. ನೇರ ಹೂಕುಂಡದ ಮುಂದೆ ನಿಂತು ತೋಳು ಉಜ್ಜಿದಳು.

ಆಗಷ್ಟೇ ಹೆಡ್‌ಫೋನ್ ಏರಿಸಿದ್ದ ಧ್ವನಿಯವನು ಬೆಚ್ಚಿಬಿದ್ದ. “ಇದೇ ಕಣ್ರೀ ಆ ಸದ್ದು!”

“ಸರ್, ಕೆಟ್ಟಿದ್ದು ಅವರ ಗಂಟಲಲ್ಲ, ನನ್ನ ಗಂಜಿ,” ಎಂದಳು ಅವಳು. “ಬೈಯೋದಿದ್ರೆ ನನಗೆ ಬೈರಿ. ಅಷ್ಟೇ ಜೋರಾಗಿ, ಎಲ್ಲರೆದುರು.”

ನಿರ್ದೇಶಕ ಹೂಕುಂಡದತ್ತ ಮುಖ ತಿರುಗಿಸಿದ. ಬೈದರೆ ತನ್ನ ಕಿವಿಯೇ ಕಿವುಡೆಂದು ಒಪ್ಪಿಕೊಂಡಂತೆ. “ಹೋಗು, ತೊಳೆದು ತಾ.”

ಮೂಕಪ್ಪ ಒದ್ದೆ ಅಂಗಿಯಲ್ಲೇ ನಿಂತ. “ಬಾಗಿಲು ತೆರೆದೇ ಇದೆ, ದೊರೆ.”

ಎಂಥ ಧ್ವನಿ ಅದು... ಧ್ವನಿಯವನು ಕಣ್ಣು ಮುಚ್ಚಿ ತಲೆದೂಗಿದ. ಭಾವಮೈದ ಅಂಟಿಸಿಕೊಂಡಿದ್ದ ಮೀಸೆ ಕಿತ್ತಿಟ್ಟು ಮನೆಗೆ ಹೋದ.

ಹೊರಗೆ ಬಿಸಿಲಿನಲ್ಲಿ ಅಂಗಿ ಆರಿಸಿಕೊಳ್ಳುತ್ತ ನಿಂತವನನ್ನು ಅವಳು ಹಿಡಿದಳು.

“ನಿಮಗೆ ಗೊತ್ತಿತ್ತಲ್ವಾ? ಯಾಕ್ರೀ ಹೇಳ್ಲಿಲ್ಲ?”

“ಹೇಳಿದ್ರೆ ನಿಮ್ಮನ್ನ ತೆಗೀತಿದ್ರು. ನಾಯಕಿಗೆ ಬಳೆ ತೊಡಿಸಿ ಸದ್ದಾಯ್ತು ಅಂತ ಆ ಅಕ್ಕನ್ನ ತೆಗೆದ್ರಲ್ಲ.”

“ನಿಮ್ಮ ಪಾತ್ರಾನೇ ಹೋಗ್ತಿತ್ತಲ್ಲ ಮಾರಾಯ್ರೇ! ನನ್ನ ಹತ್ರನಾದ್ರೂ ಹೇಳಬಹುದಿತ್ತು.”

“ನಿಮ್ಮೆದುರು ಬಂದ್ರೆ ಮಾತೇ ಹೊರಡಲ್ಲ. ಮೂಕಪ್ಪ ನೋಡಿ.”

ಅವಳಿಗೆ ನಗು ತಡೆಯಲಾಗಲಿಲ್ಲ. ಕಣ್ಣೂ ತುಂಬಿತು.

“ಹಾಗಾದ್ರೆ ನಾನೇ ಕೇಳ್ತೀನಿ. ನನ್ನ ಮದುವೆ ಆಗ್ತೀರಾ?”

ಅವನ ತುಟಿ ಅರಳಿತು. ಅಷ್ಟರಲ್ಲಿ ಒಳಗೆ ಚಿತ್ರೀಕರಣದ ಗಂಟೆ ಬಾರಿಸಿದರು. ಗಂಟೆಯಾದ ಮೇಲೆ ಯಾರೂ ಪಿಟಕ್ಕೆನ್ನುವಂತಿಲ್ಲ.

ಅವಳ ಚಪ್ಪಲಿ ಇನ್ನೂ ಬಾಗಿಲಲ್ಲೇ ಇತ್ತು. ಒಂದು ಅತ್ತ, ಒಂದು ಇತ್ತ. ಮೂಕಪ್ಪ ಬಗ್ಗಿ ಅವೆರಡನ್ನೂ ಜೋಡಿಸಿದ. ತನ್ನವನ್ನೂ ಬಿಚ್ಚಿ, ಒತ್ತಿಕೊಂಡಂತೆ ಪಕ್ಕದಲ್ಲೇ ಇಟ್ಟ.

ಆಮೇಲೆ ಕಿವಿಯವರೆಗೂ ಕೆಂಪಾಗಿ, ಬರಿಗಾಲಲ್ಲಿ ಒಳಗೆ ನಡೆದುಬಿಟ್ಟ.